ಒಂದೇ ಥರ ಸೋತ ಎರಡು ತಂಡಗಳು ಒಂದೇ ಥರ ಸೋತಿರಲಿಲ್ಲ: ಅಮೆರಿಕದ ಕಾಲೇಜು ಫುಟ್‌ಬಾಲ್‌ನಲ್ಲಿ ಸೀಸನ್ ಕೆಡುವುದು ಹೇಗೆ

2021ರಲ್ಲಿ ಅಮೆರಿಕದ ನೆಬ್ರಾಸ್ಕಾ ವಿಶ್ವವಿದ್ಯಾಲಯದ ಫುಟ್‌ಬಾಲ್ ತಂಡ 12 ಪಂದ್ಯ ಆಡಿ 3 ಗೆದ್ದಿತು, 9 ಸೋತಿತು. 2024ರಲ್ಲಿ ಫ್ಲೋರಿಡಾ ಸ್ಟೇಟ್ ತಂಡ 12 ಆಡಿ 2 ಗೆದ್ದಿತು, 10 ಸೋತಿತು. ಪಟ್ಟಿಯಲ್ಲಿ ನೋಡಿದರೆ ಎರಡಕ್ಕೂ ಇರುವ ವ್ಯತ್ಯಾಸ ಒಂದೇ ಒಂದು ಪಂದ್ಯ. ಆದರೆ ಅಂಕಗಳನ್ನು ಕೂಡಿಸಿ ನೋಡಿ. ನೆಬ್ರಾಸ್ಕಾ ಆ ವರ್ಷ ಗಳಿಸಿದ್ದು 335 ಅಂಕ, ಬಿಟ್ಟುಕೊಟ್ಟಿದ್ದು 272. ಅಂದರೆ ಎದುರಾಳಿಗಳಿಗಿಂತ 63 ಅಂಕ ಜಾಸ್ತಿ ಗಳಿಸಿ ಒಂಬತ್ತು ಪಂದ್ಯ ಸೋತ ತಂಡ ಅದು! ಫ್ಲೋರಿಡಾ ಸ್ಟೇಟ್ ಗಳಿಸಿದ್ದು 185, ಬಿಟ್ಟುಕೊಟ್ಟಿದ್ದು 336. ಇಲ್ಲಿ 151 ಅಂಕ ಕಡಿಮೆ.

ಒಂದು ತಂಡ ಸಾಲಾಗಿ ಸೋತರೆ ಕೋಚ್ ಸರಿ ಇಲ್ಲ, ಹುಡುಗರಿಗೆ ಛಲ ಇಲ್ಲ ಅಂತ ಹೇಳಿ ಮುಗಿಸಿಬಿಡುತ್ತಾರೆ. ನನಗೆ ಈ ಮಾತು ಯಾವತ್ತೂ ಸಾಲುವುದಿಲ್ಲ. ಈ ಎರಡು ತಂಡಗಳ ಸೋಲಿಗೆ ಕಾರಣವೂ ಬೇರೆ, ಮದ್ದೂ ಬೇರೆ. ಅದನ್ನೇ ಇಲ್ಲಿ ಬಿಡಿಸಿ ಹೇಳಲು ನೋಡುತ್ತೇನೆ.

ಮೊದಲು ಆಟ ಗೊತ್ತಿಲ್ಲದವರಿಗಾಗಿ ನಾಲ್ಕು ಮಾತು. ಇದು ಕಾಲಲ್ಲಿ ಒದ್ದು ಗೋಲು ಹೊಡೆಯುವ ಫುಟ್‌ಬಾಲ್ ಅಲ್ಲ. ಎರಡೂ ಕಡೆ 11 ಜನ, ಮೊಟ್ಟೆಯಾಕಾರದ ಚೆಂಡು, 15 ನಿಮಿಷದ ನಾಲ್ಕು ಕ್ವಾರ್ಟರ್. ಚೆಂಡು ಕೈಲಿರುವ ತಂಡಕ್ಕೆ ನಾಲ್ಕು ಪ್ರಯತ್ನ ಸಿಗುತ್ತದೆ, ಅಷ್ಟರಲ್ಲಿ 10 ಗಜ ಮುಂದೆ ಹೋದರೆ ಮತ್ತೆ ನಾಲ್ಕು ಪ್ರಯತ್ನ. ಇದಕ್ಕೆ ಫಸ್ಟ್ ಡೌನ್ ಸಿಕ್ಕಿತು ಅನ್ನುತ್ತಾರೆ. ಮೂರು ಪ್ರಯತ್ನ ಮುಗಿದರೂ 10 ಗಜ ಆಗದಿದ್ದರೆ ಸಾಮಾನ್ಯವಾಗಿ ಚೆಂಡನ್ನು ದೂರಕ್ಕೆ ಒದ್ದು ಎದುರಾಳಿಗೆ ಬಿಟ್ಟುಕೊಡುತ್ತಾರೆ, ಅದು ಪಂಟ್. ಕೊನೆಯ ಗೆರೆ ದಾಟಿದರೆ ಟಚ್‌ಡೌನ್, 6 ಅಂಕ. ಅದರ ಮೇಲೆ 1 ಅಥವಾ 2 ಅಂಕ ಸೇರಿಸಿಕೊಳ್ಳುವ ಅವಕಾಶ ಇರುತ್ತದೆ. ಕಂಬಗಳ ನಡುವೆ ಒದ್ದರೆ ಫೀಲ್ಡ್ ಗೋಲ್, 3 ಅಂಕ. ಹಾಗಾಗಿ ಒಂದು ಸಲ ಚೆಂಡು ಸಿಕ್ಕಾಗ ಹೆಚ್ಚೆಂದರೆ 8 ಅಂಕ ಬರಬಹುದು. ಈ 8 ಅನ್ನುವ ಸಂಖ್ಯೆ ನೆನಪಿಟ್ಟುಕೊಳ್ಳಿ. ಎಂಟು ಅಥವಾ ಅದಕ್ಕಿಂತ ಕಡಿಮೆ ಅಂಕದಲ್ಲಿ ಮುಗಿದ ಪಂದ್ಯ ಅಂದರೆ ಇನ್ನೊಂದು ಸಲ ಚೆಂಡು ಸಿಕ್ಕಿದ್ದರೆ ಫಲಿತಾಂಶ ಬದಲಾಗಬಹುದಿತ್ತು ಅಂತ ಅರ್ಥ.

ಕಾಲೇಜು ಸೀಸನ್‌ನಲ್ಲಿ ಇರುವುದು 12 ಪಂದ್ಯ ಅಷ್ಟೇ. ಆಗಸ್ಟ್ ಕೊನೆಗೆ ಶುರುವಾಗಿ ನವೆಂಬರ್ ಕೊನೆಗೆ ಮುಗಿಯುತ್ತದೆ. 6 ಗೆದ್ದರೆ ಸೀಸನ್ ಮುಗಿದ ಮೇಲೆ ಡಿಸೆಂಬರ್ ಹೊತ್ತಿಗೆ ನಡೆಯುವ ಬೌಲ್ ಅನ್ನುವ ಹೆಚ್ಚುವರಿ ಪಂದ್ಯಕ್ಕೆ ಅರ್ಹತೆ, 5 ಗೆದ್ದು 7 ಸೋತರೆ ಮನೆಗೆ. (ಬೌಲ್‌ಗಳಿಗೆ ತಂಡ ಸಾಲದಿದ್ದಾಗ ಓದಿನಲ್ಲಿ ಚೆನ್ನಾಗಿರುವ 5-7 ತಂಡಗಳನ್ನು ಕರೆಯುವ ನಿಯಮ ಇದೆ. 2015ರಲ್ಲಿ ಇದೇ ನೆಬ್ರಾಸ್ಕಾ ಹಾಗೆ ಹೋಗಿ ಯುಸಿಎಲ್‌ಎ ತಂಡವನ್ನು ಸೋಲಿಸಿತ್ತು.) ಬೌಲ್ ತಪ್ಪಿದರೆ ಹೋಗುವುದು ಒಂದು ಪಂದ್ಯ ಮಾತ್ರ ಅಲ್ಲ. ಬೌಲ್‌ಗೆ ಹೋಗುವ ತಂಡಗಳು ಡಿಸೆಂಬರ್‌ನಲ್ಲೂ ಅಭ್ಯಾಸ ಮಾಡುತ್ತವೆ, ಹೊಸ ಹುಡುಗರಿಗೆ ಕಲಿಯಲು ಅದೇ ಒಳ್ಳೆಯ ಸಮಯ. ಸೋತ ತಂಡಕ್ಕೆ ಅದು ಸಿಗುವುದಿಲ್ಲ. ಕಲಿಕೆ ಯಾರಿಗೆ ಜಾಸ್ತಿ ಬೇಕೋ ಅವರಿಗೇ ಕಡಿಮೆ ಸಿಗುತ್ತದೆ.

ಈಗ ನೆಬ್ರಾಸ್ಕಾ ಕಡೆ ಬರೋಣ. ಲಿಂಕನ್ ನಗರದ ಮೆಮೋರಿಯಲ್ ಸ್ಟೇಡಿಯಂನ ಟಿಕೆಟ್‌ಗಳು 1962ರಿಂದ ಪ್ರತಿ ಪಂದ್ಯಕ್ಕೂ ಪೂರ್ತಿ ಮಾರಾಟವಾಗುತ್ತ ಬಂದಿವೆ. ಆ ರಾಜ್ಯದಲ್ಲಿ ದೊಡ್ಡ ವೃತ್ತಿಪರ ಲೀಗ್‌ಗಳ ತಂಡ ಒಂದೂ ಇಲ್ಲ, ಜನರ ಪ್ರೀತಿಯೆಲ್ಲ ಈ ಕಾಲೇಜು ತಂಡದ ಮೇಲೆ. 2021ರ ಕೋಚ್ ಸ್ಕಾಟ್ ಫ್ರಾಸ್ಟ್ ಅದೇ ರಾಜ್ಯದ ಹುಡುಗ. 1997ರಲ್ಲಿ ನೆಬ್ರಾಸ್ಕಾ ರಾಷ್ಟ್ರೀಯ ಪ್ರಶಸ್ತಿ ಹಂಚಿಕೊಂಡಾಗ ಕ್ವಾರ್ಟರ್‌ಬ್ಯಾಕ್ (ಚೆಂಡು ಎಸೆದು ದಾಳಿ ನಡೆಸುವವನು) ಅವರೇ. 2017ರಲ್ಲಿ ಸೆಂಟ್ರಲ್ ಫ್ಲೋರಿಡಾ ತಂಡದ ಕೋಚ್ ಆಗಿ ಒಂದೂ ಪಂದ್ಯ ಸೋತಿರಲಿಲ್ಲ. ಇಂಥವರು ಊರಿಗೆ ವಾಪಸ್ ಬಂದರೆ ಜನ ತಲೆ ಮೇಲೆ ಹೊತ್ತುಕೊಳ್ಳುತ್ತಾರೆ ಅಲ್ವಾ? ಹೊತ್ತುಕೊಂಡರು.

2021ರ ಒಂಬತ್ತು ಸೋಲುಗಳನ್ನು ನೋಡಿ. ಅಂತರ 8, 7, 3, 3, 7, 5, 9, 7, 7. ಒಂಬತ್ತರಲ್ಲಿ ಎಂಟು ಪಂದ್ಯ ಎಂಟೇ ಅಂಕದ ಒಳಗೆ. ಉಳಿದ ಒಂದು ಓಹಿಯೋ ಸ್ಟೇಟ್ ಎದುರು 9 ಅಂಕದ್ದು. ಎದುರಾಳಿಗಳೂ ಸುಮ್ನೆ ಅಲ್ಲ. ಆ ವರ್ಷ ಮಿಷಿಗನ್ ತನ್ನ ಲೀಗ್ ಗೆದ್ದಿತು, ಒಕ್ಲಹೋಮ, ಓಹಿಯೋ ಸ್ಟೇಟ್, ಮಿಷಿಗನ್ ಸ್ಟೇಟ್ ಮೂರೂ 11 ಪಂದ್ಯ ಗೆದ್ದವು. ಇವರೆಲ್ಲರ ಎದುರು ಕೊನೆಯ ನಿಮಿಷದವರೆಗೆ ನಿಂತ ತಂಡವನ್ನು ಕೆಟ್ಟ ತಂಡ ಅನ್ನಲು ನನಗೆ ಮನಸ್ಸು ಬರುವುದಿಲ್ಲ.

ಮಿಷಿಗನ್ ಸ್ಟೇಟ್ ಪಂದ್ಯವನ್ನು ಸ್ವಲ್ಪ ಹತ್ತಿರದಿಂದ ನೋಡೋಣ, ಇಡೀ ಸೀಸನ್ ಅದರೊಳಗೆ ಇದೆ. ಸೆಪ್ಟೆಂಬರ್ 25. ನೆಬ್ರಾಸ್ಕಾ 20-13 ಮುಂದಿದೆ, ಆಟ ಮುಗಿಯಲು ನಾಲ್ಕು ನಿಮಿಷದಷ್ಟು ಬಾಕಿ. ಎರಡನೇ ಅರ್ಧದಲ್ಲಿ ಅವರ ರಕ್ಷಣಾ ಪಡೆ (ಚೆಂಡು ಎದುರಾಳಿ ಕೈಲಿರುವಾಗ ಮೈದಾನಕ್ಕಿಳಿಯುವ ಬೇರೆ 11 ಜನ) ಎದುರಾಳಿಗೆ ಒಂದೇ ಒಂದು ಫಸ್ಟ್ ಡೌನ್ ಕೊಟ್ಟಿಲ್ಲ. ಈಗ ಒಂದು ಪಂಟ್ ಒದ್ದು ಎದುರಾಳಿಯನ್ನು ದೂರಕ್ಕೆ ತಳ್ಳಿದರೆ ಸಾಕು. ಪಂಟ್ ಒದೆಯುವಾಗ ಯಾವ ಕಡೆಗೆ ಒದೆಯಬೇಕು ಅನ್ನುವುದು ಮೊದಲೇ ತೀರ್ಮಾನವಾಗಿರುತ್ತದೆ, ಚೆಂಡಿನ ಹಿಂದೆ ಓಡುವ ಹತ್ತೂ ಜನ ಆ ಕಡೆಗೇ ಓಡುತ್ತಾರೆ. ಚೆಂಡು ಇನ್ನೊಂದು ಕಡೆಗೆ ಹೋಯಿತು. ಅಲ್ಲಿ ಮಿಷಿಗನ್ ಸ್ಟೇಟ್‌ನ ಜೇಡನ್ ರೀಡ್ ಇದ್ದ, ಎದುರಿಗೆ ಖಾಲಿ ಮೈದಾನ. 62 ಗಜ ಓಡಿ ಟಚ್‌ಡೌನ್, 20-20. ಓವರ್‌ಟೈಮ್‌ನಲ್ಲಿ ನೆಬ್ರಾಸ್ಕಾ ಎಸೆದ ಚೆಂಡು ಎದುರಾಳಿಯ ಕೈಸೇರಿತು, ಒಂದು ಫೀಲ್ಡ್ ಗೋಲ್, 23-20. ಮುಗಿಯಿತು.

ಎರಡು ವಾರದ ನಂತರ ಮಿಷಿಗನ್ ಎದುರು 29-29 ಸಮ ಇದ್ದಾಗ, ಎರಡು ನಿಮಿಷವೂ ಬಾಕಿ ಇಲ್ಲದ ಹೊತ್ತಲ್ಲಿ ಕ್ವಾರ್ಟರ್‌ಬ್ಯಾಕ್ ಕೈಯಿಂದ ಚೆಂಡು ಕಿತ್ತುಕೊಂಡರು. ಫೀಲ್ಡ್ ಗೋಲ್, 32-29. ಕೊನೆಯ ಪಂದ್ಯದಲ್ಲಿ ಅಯೋವಾ ಎದುರು 21-6 ಮುಂದಿದ್ದವರು ಒದ್ದ ಪಂಟನ್ನು ಎದುರಾಳಿ ತಡೆದು ಟಚ್‌ಡೌನ್ ಮಾಡಿದ ಮೇಲೆ 28-21ಕ್ಕೆ ಸೋತರು.

ಇದರಲ್ಲಿ ಅದೃಷ್ಟ ಎಷ್ಟು, ತಪ್ಪು ಎಷ್ಟು? ಇಲ್ಲೇ ವಿಷಯ ಸೂಕ್ಷ್ಮ. ಕೈಜಾರಿ ಬಿದ್ದ ಚೆಂಡು ಯಾರಿಗೆ ಸಿಗುತ್ತದೆ ಅನ್ನುವುದು ಬಹುಪಾಲು ಅದೃಷ್ಟ. ಚೆಂಡಿನ ಆಕಾರವೇ ಹಾಗಿದೆ, ಎತ್ತ ಪುಟಿಯುತ್ತದೋ ಯಾರಿಗೂ ಗೊತ್ತಾಗುವುದಿಲ್ಲ, ತುಂಬಾ ವರ್ಷದ ಲೆಕ್ಕ ನೋಡಿದರೆ ಅರ್ಧಕ್ಕರ್ಧ ಆಗುತ್ತದೆ. ಎಂಟು ಅಂಕದೊಳಗಿನ ಪಂದ್ಯಗಳೂ ಹೆಚ್ಚುಕಡಿಮೆ ಹಾಗೇ. ಒಂದು ವರ್ಷ ಎಲ್ಲವನ್ನೂ ಸೋತ ತಂಡ ಮುಂದಿನ ವರ್ಷ ಅರ್ಧವನ್ನಾದರೂ ಗೆಲ್ಲುತ್ತದೆ ಅನ್ನುವುದು ಲೆಕ್ಕ ತಿಳಿದವರ ಸಾಮಾನ್ಯ ನಿರೀಕ್ಷೆ. ಆದರೆ ಪಂಟ್ ಯಾವ ಕಡೆಗೆ ಒದೆಯಬೇಕು, ತಡೆಯಲು ಬರುವವನನ್ನು ಯಾರು ಹಿಡಿಯಬೇಕು, ಇದು ಅದೃಷ್ಟ ಅಲ್ಲ. ಇದು ಅಭ್ಯಾಸ. ಫ್ರಾಸ್ಟ್ ಇದ್ದಷ್ಟು ಕಾಲ ನೆಬ್ರಾಸ್ಕಾ ಇಂಥ ಹತ್ತಿರದ ಪಂದ್ಯಗಳಲ್ಲಿ 5 ಗೆದ್ದು 22 ಸೋತಿತು. ಒಂದು ವರ್ಷ ಆದರೆ ಅದೃಷ್ಟ ಅನ್ನಬಹುದು, ಐದನೇ ವರ್ಷಕ್ಕೂ ಅದೇ ಆದರೆ ಮಾತು ಬೇರೆ.

ಆ ಐದನೇ ವರ್ಷ ಶುರುವಾದ ರೀತಿ ನೋಡಿ. 2022ರ ಮೊದಲ ಪಂದ್ಯ ಐರ್ಲೆಂಡಿನ ಡಬ್ಲಿನ್‌ನಲ್ಲಿ, ನಾರ್ತ್‌ವೆಸ್ಟರ್ನ್ ಎದುರು. ನೆಬ್ರಾಸ್ಕಾ 28-17 ಮುಂದಿದೆ. ಅಂಕ ಗಳಿಸಿದ ಮೇಲೆ ಚೆಂಡನ್ನು ದೂರಕ್ಕೆ ಒದ್ದು ಎದುರಾಳಿಗೆ ಕೊಡುವುದು ಪದ್ಧತಿ. ಹತ್ತಿರಕ್ಕೆ ಒದ್ದು ತಾವೇ ಹಿಡಿದುಕೊಳ್ಳಲು ನೋಡುವ ಇನ್ನೊಂದು ಆಟ ಇದೆ, ಅದು ಸಾಮಾನ್ಯವಾಗಿ ಸೋಲುತ್ತಿರುವವರು ಕೊನೆ ಗಳಿಗೆಯಲ್ಲಿ ಆಡುವುದು. 11 ಅಂಕ ಮುಂದಿದ್ದಾಗ ಫ್ರಾಸ್ಟ್ ಅದನ್ನು ಆಡಿಸಿದರು. ಚೆಂಡು ನಾರ್ತ್‌ವೆಸ್ಟರ್ನ್‌ಗೆ ಸಿಕ್ಕಿತು, ಅವರು ಟಚ್‌ಡೌನ್ ಹೊಡೆದರು, ಕೊನೆಗೆ 31-28ಕ್ಕೆ ಗೆದ್ದರು. ಆ ವರ್ಷ ನಾರ್ತ್‌ವೆಸ್ಟರ್ನ್ ಆಮೇಲೆ ಆಡಿದ 11 ಪಂದ್ಯಗಳನ್ನೂ ಸೋತಿತು! ಇಡೀ ಸೀಸನ್‌ಗೆ ಅವರ ಗೆಲುವು ಅದೊಂದೇ.

ಇನ್ನು ಎರಡು ವಾರಕ್ಕೆ ಜಾರ್ಜಿಯಾ ಸದರ್ನ್ ಅನ್ನುವ ಸಣ್ಣ ತಂಡ ಲಿಂಕನ್‌ಗೇ ಬಂದು 45-42ಕ್ಕೆ ಗೆದ್ದಿತು. ಆ ತಂಡವನ್ನು ಕರೆಸಿ ಆಡಿಸಲು ನೆಬ್ರಾಸ್ಕಾ ಹತ್ತು ಲಕ್ಷ ಡಾಲರಿಗೂ ಜಾಸ್ತಿ ಕೊಟ್ಟಿತ್ತು. ಮರುದಿನ ಫ್ರಾಸ್ಟ್ ಅವರನ್ನು ತೆಗೆದರು. ಒಪ್ಪಂದದ ಪ್ರಕಾರ ಅವರಿಗೆ ಕೊಡಬೇಕಾದ ಹಣ 1.5 ಕೋಟಿ ಡಾಲರ್. ಅಕ್ಟೋಬರ್ 1ರವರೆಗೆ ಕಾದಿದ್ದರೆ ಅದು ಅರ್ಧಕ್ಕೆ ಇಳಿಯುತ್ತಿತ್ತು. ಮೂರು ವಾರ ತಡೆಯಲು ಆಗದೆ 75 ಲಕ್ಷ ಡಾಲರ್ ಹೆಚ್ಚಿಗೆ ಕೊಟ್ಟು ಕಳಿಸಿದರು ಅಂದರೆ ಸೋಲು ಒಂದು ವಿಶ್ವವಿದ್ಯಾಲಯದ ತಲೆಯನ್ನು ಎಷ್ಟು ಕೆಡಿಸುತ್ತದೆ ಯೋಚಿಸಿ.

ಫ್ಲೋರಿಡಾ ಸ್ಟೇಟ್ ಕಥೆಯೇ ಬೇರೆ. 2023ರಲ್ಲಿ ಅವರು ಸತತ 13 ಗೆದ್ದು ಲೀಗ್ ಪ್ರಶಸ್ತಿ ಪಡೆದರು. ಆದರೆ ಕ್ವಾರ್ಟರ್‌ಬ್ಯಾಕ್ ಜೋರ್ಡನ್ ಟ್ರಾವಿಸ್ ನವೆಂಬರ್‌ನಲ್ಲಿ ಕಾಲಿಗೆ ಪೆಟ್ಟು ಮಾಡಿಕೊಂಡಿದ್ದರಿಂದ, ರಾಷ್ಟ್ರೀಯ ಪ್ರಶಸ್ತಿಗಾಗಿ ನಡೆಯುವ ನಾಲ್ಕು ತಂಡಗಳ ಪ್ಲೇಆಫ್‌ಗೆ ಆಯ್ಕೆ ಸಮಿತಿ ಅವರನ್ನು ಕರೆಯಲಿಲ್ಲ. ದೊಡ್ಡ ಲೀಗ್ ಗೆದ್ದು ಒಂದೂ ಸೋಲದ ತಂಡವನ್ನು ಹೀಗೆ ಹೊರಗಿಟ್ಟಿದ್ದು ಅದೇ ಮೊದಲು. ಅದು ಅನ್ಯಾಯ ಅಂತ ನಾನು ಇವತ್ತಿಗೂ ಹೇಳುತ್ತೇನೆ. ಬೇಸರದಲ್ಲಿ ಮುಖ್ಯ ಆಟಗಾರರು ಹಲವರು ಆರೆಂಜ್ ಬೌಲ್ ಆಡಲಿಲ್ಲ, ಜಾರ್ಜಿಯಾ ಎದುರು 63-3ಕ್ಕೆ ಸೋತರು. 2024ರ ಏಪ್ರಿಲ್‌ನಲ್ಲಿ ಆ ತಂಡದ 10 ಜನ ವೃತ್ತಿಪರ ಲೀಗ್ ಆದ ಎನ್‌ಎಫ್‌ಎಲ್‌ಗೆ ಆಯ್ಕೆಯಾದರು. ಆದರೂ ಹೊಸ ಸೀಸನ್‌ಗೆ ಮುಂಚೆ, ಪತ್ರಕರ್ತರು ಮತ ಹಾಕಿ ಮಾಡುವ ಎಪಿ ಪಟ್ಟಿಯಲ್ಲಿ 10ನೇ ಸ್ಥಾನ ಕೊಟ್ಟಿದ್ದರು.

ಮೊದಲ ಪಂದ್ಯ ಮತ್ತೆ ಡಬ್ಲಿನ್‌ನಲ್ಲೇ. ಜಾರ್ಜಿಯಾ ಟೆಕ್ ಕೊನೆಯ ಕ್ಷಣದ ಫೀಲ್ಡ್ ಗೋಲಿನಿಂದ 24-21ಕ್ಕೆ ಗೆದ್ದಿತು. ಹತ್ತಿರದ ಪಂದ್ಯ, ಹೋಗಲಿ ಅನ್ನಬಹುದಿತ್ತು. ಆದರೆ ಅದಾದ ಮೇಲೆ ಇಡೀ ವರ್ಷದಲ್ಲಿ ತಮ್ಮ ದರ್ಜೆಯ ಯಾವ ತಂಡದ ಎದುರೂ ಅವರಿಗೆ 16ಕ್ಕಿಂತ ಜಾಸ್ತಿ ಅಂಕ ಗಳಿಸಲು ಆಗಲಿಲ್ಲ. 13, 12, 14, 16, 13, 16, 14, 11, 3, 11. ಕೆಳದರ್ಜೆಯ ಚಾರ್ಲ್ಸ್‌ಟನ್ ಸದರ್ನ್ ಎದುರು ಮಾತ್ರ 41 ಬಂತು.

ಇಷ್ಟು ಕೆಟ್ಟು ಹೋಗಲು ಏನಾಯಿತು? ಎರಡು ವಿಷಯ ಸೇರಿಕೊಂಡವು. ಒಂದು, ಆಟಗಾರರನ್ನು ತರುವ ರೀತಿ. 2018ರಲ್ಲಿ ಟ್ರಾನ್ಸ್‌ಫರ್ ಪೋರ್ಟಲ್ ಅಂತ ಒಂದು ಪಟ್ಟಿ ಶುರುವಾಯಿತು, ಕಾಲೇಜು ಬಿಟ್ಟು ಬೇರೆ ಕಾಲೇಜಿಗೆ ಹೋಗಬೇಕೆನ್ನುವ ಆಟಗಾರ ಅದರಲ್ಲಿ ಹೆಸರು ಹಾಕುತ್ತಾನೆ. ಮೊದಲು ಹೀಗೆ ಹೋದವನು ಸಾಮಾನ್ಯವಾಗಿ ಒಂದು ವರ್ಷ ಹೊರಗೆ ಕೂರಬೇಕಿತ್ತು. 2021ರಿಂದ ಒಂದು ಸಲ ಕೂರದೆ ಆಡಬಹುದು ಅಂತಾಯಿತು, 2024ರಲ್ಲಿ ಓದು ಸರಿಯಿದ್ದರೆ ಎಷ್ಟು ಸಲ ಬೇಕಾದರೂ ಹೋಗಬಹುದು ಅಂತಾಯಿತು. 2021ರ ಜುಲೈನಿಂದ ಆಟಗಾರರು ತಮ್ಮ ಹೆಸರು, ಮುಖದಿಂದ ಹಣ ಮಾಡಿಕೊಳ್ಳಲೂ ಅವಕಾಶ ಸಿಕ್ಕಿತು. ಕೋಚ್ ಮೈಕ್ ನಾರ್ವೆಲ್ 2023ರ ತಂಡ ಕಟ್ಟಿದ್ದು ಹೀಗೆ ಬೇರೆ ಕಡೆಯಿಂದ ಬಂದವರಿಂದ. ಜೇರೆಡ್ ವರ್ಸ್ ಆಲ್ಬನಿಯಿಂದ, ಕಿಯಾನ್ ಕೋಲ್ಮನ್ ಮಿಷಿಗನ್ ಸ್ಟೇಟ್‌ನಿಂದ. ಎಲ್ಲರೂ ಒಳ್ಳೆಯ ಆಟಗಾರರೇ. ಆದರೆ ಕೊನೆಯ ಒಂದೆರಡು ವರ್ಷಕ್ಕೆ ಬರುವವರು ಹೋಗುವಾಗಲೂ ಒಟ್ಟಿಗೇ ಹೋಗುತ್ತಾರೆ. ಅವರ ಹಿಂದೆ ಮೂರು ವರ್ಷ ಅಲ್ಲೇ ಬೆಳೆದು ಕಾಯುತ್ತಿರುವ ಹುಡುಗರು ಇಲ್ಲದಿದ್ದರೆ ಬೀಜವನ್ನೂ ಮಾರಿಕೊಂಡ ಹೊಲದ ಹಾಗೆ ಆಗುತ್ತದೆ.

ಎರಡನೆಯದು, ಹೊರಗಿನವರ ಕಣ್ಣಿಗೆ ಬೀಳದ ವಿಷಯ, ಮುಂದಿನ ಸಾಲು. ಚೆಂಡು ಹಿಡಿದವನ ಮುಂದೆ ಗೋಡೆ ಕಟ್ಟುವ ಐದು ಜನ. ಟಿವಿಯಲ್ಲಿ ಅವರ ಹೆಸರೂ ಬರುವುದಿಲ್ಲ. ಆ ಗೋಡೆ ಬಿದ್ದರೆ ಏನಾಗುತ್ತದೆ ನೋಡಿ. ಮೊದಲ ಪ್ರಯತ್ನದಲ್ಲಿ ಚೆಂಡು ಹಿಡಿದು ಓಡಿದವನಿಗೆ ನಾಲ್ಕು ಗಜ ಸಿಗಬೇಕಾದಲ್ಲಿ ಒಂದು ಸಿಗುತ್ತದೆ. ಈಗ ಎರಡು ಪ್ರಯತ್ನದಲ್ಲಿ ಒಂಬತ್ತು ಗಜ ಆಗಬೇಕು, ಹಾಗಾಗಿ ಎಸೆಯಲೇಬೇಕು. ಎಸೆಯುತ್ತಾರೆ ಅಂತ ಎದುರಾಳಿಗೂ ಗೊತ್ತು, ಅವರು ಕ್ವಾರ್ಟರ್‌ಬ್ಯಾಕ್ ಮೇಲೇ ನುಗ್ಗುತ್ತಾರೆ. ಅವನಿಗೆ ನೋಡಲು ಸಮಯ ಇಲ್ಲ, ಬೀಳುತ್ತಾನೆ ಇಲ್ಲವೇ ಕಣ್ಣುಮುಚ್ಚಿ ಎಸೆಯುತ್ತಾನೆ. ಪಂಟ್. ಒಂದೂವರೆ ನಿಮಿಷದಲ್ಲಿ ಇದೆಲ್ಲ ಮುಗಿದು ಆಗ ತಾನೇ ಕೂತಿದ್ದ ರಕ್ಷಣಾ ಪಡೆ ಮತ್ತೆ ಎದ್ದು ಮೈದಾನಕ್ಕೆ ಹೋಗಬೇಕು. ನಾಲ್ಕನೇ ಕ್ವಾರ್ಟರ್ ಹೊತ್ತಿಗೆ ಅವರ ಕಾಲಲ್ಲಿ ಶಕ್ತಿ ಇರುವುದಿಲ್ಲ. ಜನ ಬೈಯುವುದು ಮಾತ್ರ ಕ್ವಾರ್ಟರ್‌ಬ್ಯಾಕನ್ನು. ಇಪ್ಪತ್ತು ವರ್ಷದ ಹುಡುಗ, ಬೆಳಿಗ್ಗೆ ತರಗತಿಗೂ ಹೋಗಬೇಕು, ಫೋನ್ ತೆರೆದರೆ ಸಾವಿರ ಜನರ ಬೈಗುಳ. ಇದನ್ನು ನೋಡಿದಾಗಲೆಲ್ಲ ನನಗೆ ಸಿಟ್ಟು ಬರುತ್ತದೆ. ಆಟದ ಬಗ್ಗೆ ಏನು ಬೇಕಾದರೂ ಹೇಳಿ, ಹುಡುಗನ ಮನೆಯವರನ್ನು ಎಳೆಯಬೇಡಿ.

ನವೆಂಬರ್‌ನಲ್ಲಿ ನೋಟ್ರ್ ಡೇಮ್ ಎದುರು 52-3ಕ್ಕೆ ಸೋತ ಮೇಲೆ ದಾಳಿ ಮತ್ತು ರಕ್ಷಣೆ ಎರಡರ ಮುಖ್ಯಸ್ಥರನ್ನೂ ತೆಗೆದರು. ನಾರ್ವೆಲ್ ಉಳಿದರು. ಯಾಕೆ? ಗೆದ್ದಾಗ ಬರೆದುಕೊಟ್ಟ ಒಪ್ಪಂದ. 2024ರ ಆರಂಭದಲ್ಲಿ, ಅಲಬಾಮಾದ ಕೋಚ್ ಜಾಗ ಖಾಲಿಯಾದಾಗ, ಇವರು ಅಲ್ಲಿಗೆ ಹೋಗದಿರಲಿ ಅಂತ ವರ್ಷಕ್ಕೆ ಸರಾಸರಿ ಒಂದು ಕೋಟಿ ಡಾಲರಿಗೂ ಜಾಸ್ತಿ ಸಂಬಳದ ದೀರ್ಘ ಒಪ್ಪಂದ ಕೊಟ್ಟಿದ್ದರು. ತೆಗೆದರೆ ಕೊಡಬೇಕಾಗಿದ್ದುದು 6 ಕೋಟಿ ಡಾಲರಿಗೂ ಜಾಸ್ತಿ. ಅದರ ಹಿಂದಿನ ವರ್ಷ ಟೆಕ್ಸಾಸ್ ಎ ಆ್ಯಂಡ್ ಎಂ ತನ್ನ ಕೋಚ್ ಜಿಂಬೋ ಫಿಶರ್ ಅವರನ್ನು ಕಳಿಸಲು 7.5 ಕೋಟಿ ಡಾಲರ್ ಮೀರಿದ ಮೊತ್ತ ಒಪ್ಪಿಕೊಂಡಿತ್ತು. ನಾರ್ವೆಲ್ ತಮ್ಮ 2025ರ ಸಂಬಳದಲ್ಲಿ 45 ಲಕ್ಷ ಡಾಲರ್ ವಾಪಸ್ ತಂಡಕ್ಕೇ ಕೊಟ್ಟರು.

ಮೂರನೇ ಬಗೆಯ ಸೋಲೂ ಒಂದಿದೆ, ಅದು ಬಡತನದ್ದು. 2024ರಲ್ಲಿ ಕೆಂಟ್ ಸ್ಟೇಟ್ 12ಕ್ಕೆ 12 ಸೋತಿತು. ಟೆನೆಸ್ಸಿ ಎದುರು 71-0, ಪೆನ್ ಸ್ಟೇಟ್ ಎದುರು 56-0. ಸಣ್ಣ ಕಾಲೇಜುಗಳು ಇಂಥ ದೊಡ್ಡ ತಂಡಗಳ ಊರಿಗೆ ಹೋಗಿ ಆಡುವುದು ಹಣಕ್ಕಾಗಿ, ಆ ಹಣದಲ್ಲೇ ಅವರ ಉಳಿದ ಕ್ರೀಡೆಗಳೂ ನಡೆಯಬೇಕು. ಅಲ್ಲಿ ಪೆಟ್ಟು ತಿಂದು ಗಾಯಾಳುಗಳಾಗಿ ಬಂದ ಹುಡುಗರು ಮುಂದೆ ತಮ್ಮ ಸರಿಸಮದವರ ಎದುರೂ ಸೋಲುತ್ತಾರೆ. ಇದನ್ನು ಬಲ್ಲವರು ಕೆಂಟ್ ಸ್ಟೇಟ್ ಅಂಕಪಟ್ಟಿ ನೋಡಿ ನಗುವುದಿಲ್ಲ.

ಮತ್ತೆ ಎದ್ದು ನಿಲ್ಲಲು ಎಷ್ಟು ಕಾಲ ಬೇಕು? ಹಿಂದೆ ವರ್ಷಗಟ್ಟಲೆ ಬೇಕಿತ್ತು. ಕ್ಯಾನ್ಸಸ್ ಸ್ಟೇಟ್ 1987 ಮತ್ತು 1988ರಲ್ಲಿ ಒಂದೂ ಗೆದ್ದಿರಲಿಲ್ಲ. 1989ರಲ್ಲಿ ಬಿಲ್ ಸ್ನೈಡರ್ ಬಂದ ಮೊದಲ ವರ್ಷ ಒಂದು, ಮರುವರ್ಷ ಐದು, ಆಮೇಲೆ ಏಳು. ಹೈಸ್ಕೂಲಿನಿಂದ ಹುಡುಗರನ್ನು ತಂದು ಬೆಳೆಸುವುದು ಅಂದರೆ ಹಾಗೇ. ಈಗ ಇಂಡಿಯಾನಾ ನೋಡಿ. 2023ರಲ್ಲಿ 3-9. ಹೊಸ ಕೋಚ್ ಕರ್ಟ್ ಸಿಗ್ನೆಟ್ಟಿ ತಮ್ಮ ಹಳೆಯ ಜೇಮ್ಸ್ ಮ್ಯಾಡಿಸನ್ ತಂಡದಿಂದ 13 ಆಟಗಾರರನ್ನು ಜೊತೆಗೇ ಕರೆತಂದರು, 2024ರಲ್ಲಿ 11-2, ಅದರ ಮುಂದಿನ ಸೀಸನ್‌ನಲ್ಲಿ ಒಂದೂ ಸೋಲದೆ ರಾಷ್ಟ್ರೀಯ ಪ್ರಶಸ್ತಿ. ಫ್ಲೋರಿಡಾ ಸ್ಟೇಟನ್ನು ಬೀಳಿಸಿದ ಬಾಗಿಲೇ, ಅಂದರೆ ಟ್ರಾನ್ಸ್‌ಫರ್ ಪೋರ್ಟಲ್ಲೇ, ಇಂಡಿಯಾನಾವನ್ನು ಎತ್ತಿತು. ಇದರಿಂದ ಆದ ತೊಂದರೆ ಏನೆಂದರೆ, ಈಗ ಯಾವ ಅಭಿಮಾನಿಗೂ ನಾಲ್ಕು ವರ್ಷ ಕಾಯುವ ತಾಳ್ಮೆ ಇಲ್ಲ. ನೆಬ್ರಾಸ್ಕಾ ಮಾತ್ರ ಹಳೆಯ ರೀತಿಯಲ್ಲೇ ನಿಧಾನವಾಗಿ ಬಂತು. ಮ್ಯಾಟ್ ರೂಲ್ ಕೋಚ್ ಆದ ಮೊದಲ ವರ್ಷ 5-7, 2024ರಲ್ಲಿ 7-6, ಎಂಟು ವರ್ಷದಲ್ಲಿ ಮೊದಲ ಬೌಲ್ ಪಂದ್ಯ, ಅದರಲ್ಲಿ ಬಾಸ್ಟನ್ ಕಾಲೇಜ್ ಎದುರು 20-15ಕ್ಕೆ ಗೆಲುವು.

ಫ್ಲೋರಿಡಾ ಸ್ಟೇಟ್ 2025ರಲ್ಲಿ ಮೊದಲ ಪಂದ್ಯದಲ್ಲೇ ಅಲಬಾಮಾವನ್ನು 31-17ಕ್ಕೆ ಸೋಲಿಸಿತು. ಎಲ್ಲ ಸರಿಹೋಯಿತು ಅಂದುಕೊಂಡರು. ಕೊನೆಗೆ 5-7. ವಿಚಿತ್ರ ಏನೆಂದರೆ ಈ ಸಲ ಅವರ ಅಂಕಗಳ ಲೆಕ್ಕ 132 ಜಾಸ್ತಿ ಇತ್ತು, ಏಳು ಸೋಲಲ್ಲಿ ನಾಲ್ಕು ಎಂಟು ಅಂಕದ ಒಳಗಿನವು. ಅಂದರೆ ಈಗ ಇವರಿಗೂ ನೆಬ್ರಾಸ್ಕಾದ ಕಾಯಿಲೆಯೇ ಅಂತ ಹೇಳಿಬಿಡಬಹುದು. ಆದರೆ ಆ 132ರಲ್ಲಿ 74 ಅಂಕ ಈಸ್ಟ್ ಟೆಕ್ಸಾಸ್ ಎ ಆ್ಯಂಡ್ ಎಂ ಎದುರಿನ ಒಂದೇ ಪಂದ್ಯದ್ದು, 56 ಕೆಂಟ್ ಸ್ಟೇಟ್ ಎದುರಿನದು. ಆ ಎರಡನ್ನು ತೆಗೆದರೆ ಉಳಿದ ಹತ್ತು ಪಂದ್ಯಗಳಲ್ಲಿ ಅವರು ಎದುರಾಳಿಗಳಿಗಿಂತ ಗಳಿಸಿದ್ದು ಎರಡೇ ಎರಡು ಅಂಕ ಜಾಸ್ತಿ. ಗೆದ್ದಿದ್ದು 3, ಸೋತಿದ್ದು 7.